ವ್ಯಕ್ತಿಚಿತ್ರ ಪಾಠಕ್ಕೊಂದು ಆಕರ: ಫುಟ್‌ಬಾಲ್ ತರಬೇತುದಾರ ಸೆರ್ಜಿಯೊ ಕೊನ್ಸೆಯ್ಸಾಂವ್

(ಒಂಬತ್ತು ಮತ್ತು ಹತ್ತನೆಯ ತರಗತಿಗಳ ವ್ಯಕ್ತಿಚಿತ್ರ ಹಾಗೂ ಪ್ರಬಂಧ ರಚನೆಯ ಬೋಧನೆಗಾಗಿ)

ಪ್ರೌಢಶಾಲೆಯ ಕನ್ನಡ ಪಠ್ಯಗಳಲ್ಲಿ ವ್ಯಕ್ತಿಚಿತ್ರವೆಂದರೆ ಬಹುಮಟ್ಟಿಗೆ ಕವಿಗಳು, ಶರಣರು, ದೇಶಕ್ಕಾಗಿ ದುಡಿದ ನಾಯಕರು, ವಿಜ್ಞಾನಿಗಳು. ಇವು ಅಗತ್ಯವಾದ ಪಾಠಗಳೇ ಹೌದು. ಆದರೆ ಗಡಿಯಾಚೆಯ ಕನ್ನಡ ಶಾಲೆಯ ಮಗು ಸಂಜೆ ಮೈದಾನದಲ್ಲಿ ಆಡುವ ಮಾತು ಬೇರೆ. ಕಾಸರಗೋಡಿನ ಹುಡುಗ ಫುಟ್‌ಬಾಲಿನ ಜಗಳವನ್ನು ಮಲಯಾಳದಲ್ಲಿ ಆಡುತ್ತಾನೆ, ಗೋವೆಯ ಹುಡುಗ ಕೊಂಕಣಿಯಲ್ಲಿ. ಮಗುವಿನ ಪ್ರೀತಿಯ ವಿಷಯಗಳೆಲ್ಲ ಒಂದೊಂದಾಗಿ ಬೇರೆ ಭಾಷೆಗೆ ಸಂದು, ಕನ್ನಡದ ಪಾಲಿಗೆ ಪರೀಕ್ಷೆಯೊಂದೇ ಉಳಿದರೆ ಆ ಭಾಷೆ ಎಷ್ಟು ಕಾಲ ಆ ಮಗುವಿನದಾಗಿರುತ್ತದೆ ಎಂಬುದನ್ನು ಶಿಕ್ಷಕರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಆದುದರಿಂದ ಈ ಆಕರ ಲೇಖನವು ಇಂದಿಗೂ ಬದುಕಿರುವ, ಇಂದಿಗೂ ಕೆಲಸ ಮಾಡುತ್ತಿರುವ ಒಬ್ಬ ಪೋರ್ಚುಗೀಸ್ ಫುಟ್‌ಬಾಲ್ ಆಟಗಾರನ ಜೀವನವನ್ನು ಎತ್ತಿಕೊಂಡಿದೆ. ಆತ ಮೊದಲು ಅಂಕಣದ ಅಂಚಿನಲ್ಲಿ ಓಡುವ ವಿಂಗರ್. ಅನಂತರ ಅಂಕಣದ ಹೊರಗೆ ನಿಂತು ಕೂಗುವ ತರಬೇತುದಾರ.

ಹೆಸರಿನ ಪ್ರಶ್ನೆ

ಮೊದಲ ಅವಧಿಯನ್ನು ಹೆಸರಿಗೇ ಮೀಸಲಿಡಬಹುದು. ಇಂಗ್ಲಿಷ್ ಅಕ್ಷರಗಳನ್ನು ಇದ್ದಹಾಗೆ ಓದಿದವರು ಈ ಹೆಸರನ್ನು ‘ಕಾನ್ಸಿಕಾವೊ’ ಎಂದು ಬರೆದುಬಿಡುತ್ತಾರೆ. ಮೂಲದಲ್ಲಿ ಆ ‘ಸಿ’ ಅಕ್ಷರದ ಕೆಳಗೆ ಸಣ್ಣದೊಂದು ಬಾಲವಿದೆ. ಬಾಲವಿದ್ದರೆ ಅದರ ಉಚ್ಚಾರ ‘ಸ’ಕಾರ. ಕೊನೆಯ ಸ್ವರದ ಮೇಲಿನ ಅಲೆಯಂಥ ಗೆರೆ ಅನುನಾಸಿಕವನ್ನು ಸೂಚಿಸುತ್ತದೆ. ಹೀಗಾಗಿ ‘ಕೊನ್ಸೆಯ್ಸಾಂವ್’ ಎಂಬುದು ಮೂಲಕ್ಕೆ ಸಾಕಷ್ಟು ಹತ್ತಿರದ ರೂಪ. ಕನ್ನಡ ಲಿಪಿಯ ಸೊನ್ನೆ ಇಲ್ಲಿ ರೋಮನ್ ಲಿಪಿಗಿಂತ ಚೆನ್ನಾಗಿ ದುಡಿಯುತ್ತದೆ ಎಂಬುದನ್ನು ಮಕ್ಕಳು ತಾವೇ ಕಂಡುಕೊಳ್ಳಲಿ. ಗೋವೆಯ ಶಿಕ್ಷಕರಿಗೆ ಈ ಶಬ್ದ ಹೊಸದಲ್ಲ: ಪಣಜಿಯ ಎತ್ತರದ ಮೆಟ್ಟಿಲುಗಳ ಬಿಳಿಯ ಇಗರ್ಜಿಯ ಪೋರ್ಚುಗೀಸ್ ಹೆಸರಿನಲ್ಲಿ ಇದೇ ಪದವಿದೆ. ಮಾತೆ ಮೇರಿಯ ನಿಷ್ಕಳಂಕ ಗರ್ಭಧಾರಣೆಗೆ ಸಂಬಂಧಿಸಿದ ಪದವದು.

ಪೂರ್ಣ ಹೆಸರು ಸೆರ್ಜಿಯೊ ಪಾವ್ಲು ಮಾರ್ಸೆನೆಯ್ರು ದ ಕೊನ್ಸೆಯ್ಸಾಂವ್. ನಡುವಿನ ‘ಮಾರ್ಸೆನೆಯ್ರು’ ಎಂದರೆ ಮರಗೆಲಸದವನು. ಸೊಲ್ಲಾಪುರ, ಜತ್ತ, ಅಕ್ಕಲಕೋಟೆಗಳ ತರಗತಿಗಳಲ್ಲಿ ‘ಬಡಿಗೇರ’ ಎಂಬ ಅಡ್ಡಹೆಸರಿನ ಒಬ್ಬ ವಿದ್ಯಾರ್ಥಿಯಾದರೂ ಸಿಗುವ ಸಂಭವವಿದೆ. ಕಸುಬು ಮನೆತನದ ಹೆಸರಾಗುವ ಪದ್ಧತಿ ಎರಡು ದೂರದ ನಾಡುಗಳಲ್ಲಿ ಒಂದೇ ಬಗೆಯಾಗಿರುವುದನ್ನು ಅಲ್ಲಿ ತೋರಿಸಬಹುದು. ಚಾವಿ, ಪಗಾರ, ಬಟಾಟೆ, ಪಾದ್ರಿ, ಇಸ್ತ್ರಿ, ಅನಾನಸು ಮುಂತಾಗಿ ನಮ್ಮ ಮನೆಮಾತಿಗೆ ಪೋರ್ಚುಗೀಸಿನಿಂದ ಬಂದು ನೆಲೆಸಿದ ಪದಗಳ ಪಟ್ಟಿಯೂ ಇದೇ ಅವಧಿಯಲ್ಲಿ ಬರಲಿ. ಅರ್ಧ ಗಂಟೆ ಇದಕ್ಕೆ ಸಾಕು. ಮುಖ್ಯ ಪಾಠ ಮುಂದಿದೆ.

ಬಾಲ್ಯ ಮತ್ತು ಒಂದು ಎಚ್ಚರಿಕೆ

ಕೊನ್ಸೆಯ್ಸಾಂವ್ ಹುಟ್ಟಿದ್ದು 1974ರ ನವೆಂಬರ್ 15ರಂದು, ಮಧ್ಯ ಪೋರ್ಚುಗಲ್ಲಿನ ಕೊಯಿಂಬ್ರ ನಗರದಲ್ಲಿ. ಕೊಯಿಂಬ್ರ ಆ ದೇಶದ ಹಳೆಯ ವಿದ್ಯಾಕೇಂದ್ರ. 1290ರಲ್ಲಿ ಲಿಸ್ಬನ್ನಿನಲ್ಲಿ ಸ್ಥಾಪನೆಯಾದ ವಿಶ್ವವಿದ್ಯಾಲಯ 1537ರಲ್ಲಿ ಶಾಶ್ವತವಾಗಿ ಅಲ್ಲಿಗೆ ಬಂದು ನೆಲೆಸಿತು. ಅಲ್ಲಿನ ವಿದ್ಯಾರ್ಥಿ ಸಂಘದಿಂದ ಬೆಳೆದ ಫುಟ್‌ಬಾಲ್ ಕ್ಲಬ್ಬು ‘ಅಕಡೆಮಿಕ’. ಸೆರ್ಜಿಯೊ ಬೆಳೆದದ್ದು ನಗರದ ಪಕ್ಕದ ರಿಬೆಯ್ರ ದ ಫ್ರಾದಿಶ್ ಎಂಬ ಊರಿನಲ್ಲಿ. ತಂದೆ ಗಾರೆ ಕೆಲಸದವರು, ಮನೆಯಲ್ಲಿ ಬಡತನವಿತ್ತು. ಬಾಲಕ ಅಕಡೆಮಿಕದ ಕಿರಿಯರ ತಂಡದಲ್ಲಿ ಆಟ ಕಲಿತು, ಹದಿನಾರನೆಯ ವಯಸ್ಸಿನಲ್ಲಿ ಉತ್ತರದ ಪೋರ್ಟೊ ನಗರದ ದೊಡ್ಡ ಕ್ಲಬ್ಬಿಗೆ ಆಯ್ಕೆಯಾದ. ಅದೇ ಸಮಯದಲ್ಲಿ ತಂದೆ ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಎರಡು ವರ್ಷಗಳ ಬಳಿಕ ತಾಯಿಯೂ ಇಲ್ಲವಾದರು.

ಶಿಕ್ಷಕರು ಇಲ್ಲಿ ನಿಲ್ಲಬೇಕು. ವ್ಯಕ್ತಿಚಿತ್ರ ಬರೆಯುವ ವಿದ್ಯಾರ್ಥಿ ಈ ಎರಡು ವಾಕ್ಯಗಳನ್ನು ಓದಿದೊಡನೆ ‘ಕಷ್ಟಗಳೇ ಅವರನ್ನು ದೊಡ್ಡವರನ್ನಾಗಿ ಮಾಡಿದವು’ ಎಂದು ಬರೆಯುವುದು ಹೆಚ್ಚುಕಡಿಮೆ ನಿಶ್ಚಿತ. ಈ ವಾಕ್ಯ ನೂರಾರು ಉತ್ತರಪತ್ರಿಕೆಗಳಲ್ಲಿ ಸಿಗುತ್ತದೆ, ಅಂಕವೂ ಸಿಗುತ್ತದೆ. ಆದರೆ ಅದು ನಿಜವೆ? ತಂದೆ ತೀರಿಕೊಂಡದ್ದು ಆಟಗಾರನಾಗುವುದಕ್ಕೆ ಕಾರಣವಲ್ಲ. ಪೋರ್ಟೊ ಕ್ಲಬ್ಬು ಆತನನ್ನು ಆರಿಸಿದ್ದು ಅದಕ್ಕೆ ಮೊದಲೇ. ಆ ಸಾವಿನ ಬಳಿಕವೂ ಆಟ ಮುಂದುವರಿಸಲು ಸಾಧ್ಯವಾದುದಕ್ಕೆ ಕ್ಲಬ್ಬಿನ ಆಶ್ರಯವಿತ್ತು, ದುಡಿಮೆಯ ದಾರಿಯಿತ್ತು ಎಂಬುದನ್ನು ಯಾರೂ ಬರೆಯುವುದಿಲ್ಲ. ಇದಕ್ಕಿಂತ ಮುಖ್ಯವಾದ ಇನ್ನೊಂದು ಮಾತಿದೆ. ತರಗತಿಯ ಯಾವುದೋ ಬೆಂಚಿನಲ್ಲಿ ತಂದೆಯನ್ನೋ ತಾಯಿಯನ್ನೋ ಕಳೆದುಕೊಂಡ ಮಗು ಕುಳಿತಿರಬಹುದು. ಕಷ್ಟ ಬಂದರೆ ದೊಡ್ಡವರಾಗುತ್ತಾರೆ ಎಂಬ ಮಾತು ಆ ಮಗುವಿಗೆ ಸಾಂತ್ವನವಾಗುವುದಿಲ್ಲ, ಹೊರೆಯಾಗುತ್ತದೆ. ತಂದೆ ಸತ್ತರು, ಹುಡುಗ ಆಡುತ್ತಲೇ ಇದ್ದ ಎಂದು ಬರೆದು ಪೂರ್ಣವಿರಾಮವಿಟ್ಟರೆ ಸಾಕು. ನಡುವೆ ‘ಆದ್ದರಿಂದ’ ಬೇಡ. ಅವ್ಯಯಗಳ ಪಾಠಕ್ಕೂ ಇದಕ್ಕಿಂತ ಒಳ್ಳೆಯ ಉದಾಹರಣೆ ಹುಡುಕಬೇಕಾಗಿಲ್ಲ.

‘ಅವನು’ ಎಲ್ಲಿ, ‘ಅವರು’ ಎಲ್ಲಿ

ಮೇಲಿನ ಭಾಗದಲ್ಲಿ ಬಾಲಕನಿಗೆ ‘ಆಯ್ಕೆಯಾದ’, ‘ಆಡುತ್ತಲೇ ಇದ್ದ’ ಎಂಬ ಏಕವಚನದ ಕ್ರಿಯಾಪದಗಳು ಬಂದಿವೆ. ಮುಂದಿನ ಭಾಗದಲ್ಲಿ ಬಹುವಚನ ಬರುತ್ತದೆ. ಕನ್ನಡ ವ್ಯಕ್ತಿಚಿತ್ರದಲ್ಲಿ ಈ ತಿರುವು ಎಲ್ಲಿ ಆಗಬೇಕು ಎಂಬುದಕ್ಕೆ ವ್ಯಾಕರಣದ ನಿಯಮವಿಲ್ಲ; ರೂಢಿಯಿದೆ, ಬರೆಯುವವರ ವಿವೇಕವಿದೆ. ಮಲಯಾಳದ ‘ಅದ್ದೇಹಂ’, ತೆಲುಗಿನ ‘ಆಯನ’, ಮರಾಠಿಯ ‘ತೇ’, ತಮಿಳಿನ ‘ಅವರ್’ ಇವುಗಳ ನಡುವೆ ಓಡಾಡುವ ನಮ್ಮ ಮಕ್ಕಳು ಒಂದೇ ವಾಕ್ಯದಲ್ಲಿ ‘ಅವರು ಗೋಲು ಹೊಡೆದನು’ ಎಂದು ಬರೆಯುವುದುಂಟು. ಅದನ್ನು ಕೆಂಪು ಶಾಯಿಯಿಂದ ಹೊಡೆದುಹಾಕುವ ಬದಲು, ಸೆರ್ಜಿಯೊ ಯಾವ ವಾಕ್ಯದಿಂದ ‘ಅವರು’ ಆಗಬೇಕು, ಏಕೆ ಎಂದು ಗುಂಪಿನಲ್ಲಿ ಚರ್ಚಿಸಲು ಬಿಡುವುದು ಲೇಸು. ಹದಿನೆಂಟು ತುಂಬಿದಾಗಲೇ? ಮೊದಲ ಸಂಬಳ ಬಂದಾಗಲೇ? ರಾಷ್ಟ್ರತಂಡದ ಅಂಗಿ ತೊಟ್ಟಾಗಲೇ? ಉತ್ತರ ಒಂದೇ ಆಗಿರಬೇಕಿಲ್ಲ. ಕ್ರಿಯಾಪದ ಮಾತ್ರ ಕರ್ತೃವಿಗೆ ಹೊಂದಬೇಕು.

ಆಟಗಾರ

ಪೋರ್ಟೊ ಕ್ಲಬ್ಬು ಅವರನ್ನು ನೇರವಾಗಿ ಮುಖ್ಯ ತಂಡಕ್ಕೆ ತೆಗೆದುಕೊಳ್ಳಲಿಲ್ಲ. ಪೆನಾಫಿಯೆಲ್, ಲೆಸ, ಫೆಲ್ಗೆಯ್ರಸ್ ಎಂಬ ಸಣ್ಣ ಕ್ಲಬ್ಬುಗಳಿಗೆ ಎರವಲಾಗಿ ಕಳುಹಿಸಿತು. 1996ರಲ್ಲಿ ಮರಳಿ ಬಂದ ಬಳಿಕ ಅವರ ಸ್ಥಾನ ಬಲಬದಿಯ ಅಂಚು. ವಿಂಗರ್ ಎಂದರೆ ಅಂಕಣದ ಉದ್ದಗೆರೆಗೆ ತಾಗಿದಂತೆ ಚೆಂಡನ್ನು ಒಯ್ದು, ಎದುರಾಳಿಯ ರಕ್ಷಣೆಯನ್ನು ಹೊರಕ್ಕೆ ಸೆಳೆದು, ಗೋಲಿನ ಮುಂದಿರುವ ಜೊತೆಗಾರನಿಗೆ ಚೆಂಡನ್ನು ದಾಟಿಸುವವನು. ಓಟ, ಉಸಿರು, ಗುರಿ ಮೂರೂ ಬೇಕು. ಹೆಸರು ಮಾತ್ರ ಹೆಚ್ಚಾಗಿ ಗೋಲು ಹೊಡೆದವನಿಗೆ. ಪೋರ್ಟೊ 1997 ಮತ್ತು 1998ರಲ್ಲಿ ಲೀಗ್ ಗೆದ್ದಾಗ ಕೊನ್ಸೆಯ್ಸಾಂವ್ ಆ ತಂಡದಲ್ಲಿದ್ದರು.

1998ರಲ್ಲಿ ಅವರು ಇಟಲಿಯ ರೋಮ್ ನಗರದ ಲಾಟ್ಸಿಯೊ ಕ್ಲಬ್ಬನ್ನು ಸೇರಿದರು. ಅಲ್ಲಿನ ತರಬೇತುದಾರರು ಸ್ವೀಡನ್ನಿನ ಸ್ವೆನ್ ಯೋರನ್ ಎರಿಕ್ಸನ್. ಬಂದ ವರ್ಷವೇ ಇಟಲಿಯ ಸೂಪರ್ ಕಪ್ಪಿನಲ್ಲಿ ಯುವೆಂಟಸ್ ವಿರುದ್ಧ ಪಂದ್ಯ ಮುಗಿಯುವ ಕ್ಷಣದಲ್ಲಿ ಗೆಲುವಿನ ಗೋಲು ಅವರದು. ಮುಂದಿನ ಎರಡು ವರ್ಷಗಳಲ್ಲಿ ಲಾಟ್ಸಿಯೊ ಯುರೋಪಿನ ಕಪ್ ವಿನ್ನರ್ಸ್ ಕಪ್ಪಿನ ಕೊನೆಯ ಆವೃತ್ತಿಯನ್ನೂ, 2000ದಲ್ಲಿ ಇಟಲಿಯ ಲೀಗ್ ಹಾಗೂ ಇಟಲಿ ಕಪ್ಪನ್ನೂ ಗೆದ್ದಿತು. ಆಮೇಲೆ ಪಾರ್ಮ, ಇಂಟರ್, ಮತ್ತೆ ಲಾಟ್ಸಿಯೊ, 2004ರ ಆರಂಭದಲ್ಲಿ ಮತ್ತೆ ಪೋರ್ಟೊ. ಈ ತಿರುಗಾಟವನ್ನು ಮಕ್ಕಳು ನಕ್ಷೆಯಲ್ಲಿ ಗುರುತಿಸಿದರೆ ಸಾಕು, ಬಾಯಿಪಾಠ ಬೇಡ.

ಬಾಯಿಪಾಠವಾಗಬೇಕಾದ ದಿನ ಒಂದಿದೆ: 2000ದ ಜೂನ್ 20. ಬೆಲ್ಜಿಯಂ ಮತ್ತು ನೆದರ್ಲೆಂಡ್ಸ್ ಜೊತೆಯಾಗಿ ನಡೆಸಿದ ಯುರೋಪಿಯನ್ ಚಾಂಪಿಯನ್‌ಷಿಪ್ಪಿನಲ್ಲಿ ಪೋರ್ಚುಗಲ್ ಇಂಗ್ಲೆಂಡನ್ನೂ ರೊಮೇನಿಯವನ್ನೂ ಸೋಲಿಸಿ ಆಗಲೇ ಮುಂದಿನ ಸುತ್ತು ತಲುಪಿತ್ತು. ಹೀಗಾಗಿ ರಾಟರ್‌ಡ್ಯಾಮ್‌ನಲ್ಲಿ ಜರ್ಮನಿಯ ವಿರುದ್ಧದ ಪಂದ್ಯಕ್ಕೆ ತರಬೇತುದಾರ ಉಂಬೆರ್ತು ಕೊಯೆಲ್ಯು ಹಲವು ಪ್ರಮುಖ ಆಟಗಾರರಿಗೆ ವಿಶ್ರಾಂತಿ ಕೊಟ್ಟರು. ಅವಕಾಶ ಪಡೆದವರಲ್ಲಿ ಒಬ್ಬರಾದ ಕೊನ್ಸೆಯ್ಸಾಂವ್ ಮೂರು ಗೋಲು ಹೊಡೆದರು. 3–0. ಹಿಂದಿನ ಆವೃತ್ತಿಯ ವಿಜೇತ ಜರ್ಮನಿ ಮೊದಲ ಸುತ್ತಿನಲ್ಲೇ ಮನೆಗೆ ಮರಳಿತು. ಇಲ್ಲಿ ‘ಆದ್ದರಿಂದ’ ಸಲ್ಲುತ್ತದೆ: ತಂಡ ಅರ್ಹತೆ ಪಡೆದಿತ್ತು, ಆದ್ದರಿಂದ ಪ್ರಮುಖರಿಗೆ ವಿಶ್ರಾಂತಿ ಸಿಕ್ಕಿತು, ಆದ್ದರಿಂದ ಅವಕಾಶ ಬಂತು. ಗೋಲುಗಳು ಮಾತ್ರ ಆತನವೇ. ಕಾರಣ ಯಾವುದು, ಸಂದರ್ಭ ಯಾವುದು, ಸಾಮರ್ಥ್ಯ ಯಾವುದು ಎಂದು ಬೇರ್ಪಡಿಸುವ ಅಭ್ಯಾಸಕ್ಕೆ ಈ ಪಂದ್ಯವನ್ನೂ ಹಿಂದಿನ ಭಾಗದ ಸಾವಿನ ಪ್ರಸಂಗವನ್ನೂ ಎದುರುಬದುರಾಗಿ ಇಡಬೇಕು. ರಾಷ್ಟ್ರತಂಡಕ್ಕಾಗಿ ಅವರು ಒಟ್ಟು 56 ಪಂದ್ಯಗಳನ್ನಾಡಿ 12 ಗೋಲು ಗಳಿಸಿದರು. ಅದರಲ್ಲಿ ಕಾಲು ಭಾಗ ಆ ಒಂದೇ ಸಂಜೆಯದು.

ಮುಚ್ಚಿಡಬಾರದ ಪುಟ

ಬೆಲ್ಜಿಯಂನ ಸ್ಟ್ಯಾಂಡರ್ಡ್ ಲಿಯೇಜ್ ಕ್ಲಬ್ಬಿನಲ್ಲಿ ಆಡುತ್ತಿದ್ದಾಗ 2005ನೆಯ ಸಾಲಿನ ಅತ್ಯುತ್ತಮ ಆಟಗಾರನಿಗೆ ಸಲ್ಲುವ ಚಿನ್ನದ ಬೂಟು ಅವರಿಗೆ ಸಂದಿತು. ಅದಾದ ಸ್ವಲ್ಪ ಸಮಯದಲ್ಲಿ, 2006ರ ಪಂದ್ಯವೊಂದರಲ್ಲಿ, ಎದುರಾಳಿಯ ಮೇಲೆ ಉಗುಳಿ, ಹೊರಹಾಕಿದ ರೆಫರಿಯ ಮೇಲೆ ಅಂಗಿ ಕಳಚಿ ಎಸೆದರು. ದೀರ್ಘ ನಿಷೇಧ ಬಂತು. ಮಕ್ಕಳ ಮುಂದೆ ಇದನ್ನು ಹೇಳಬೇಕೆ ಎಂಬ ಸಂಕೋಚ ಕೆಲವು ಶಿಕ್ಷಕರಿಗೆ ಬರುವುದು ಸಹಜ. ಹೇಳಬೇಕು. ಹೇಳದೆ ಬಿಟ್ಟರೆ ಅದು ವ್ಯಕ್ತಿಚಿತ್ರವಾಗದೆ ಸನ್ಮಾನಪತ್ರವಾಗುತ್ತದೆ. ಎರಡೂ ಬೇರೆ ಬೇರೆ ಪ್ರಕಾರಗಳೆಂಬುದು ನಮ್ಮ ಪಠ್ಯಗಳಿಂದಲೇ ಮಕ್ಕಳಿಗೆ ಸರಿಯಾಗಿ ತಿಳಿದಿಲ್ಲ. ಒಬ್ಬ ವ್ಯಕ್ತಿ ಒಂದೇ ಋತುವಿನ ಒಳಗೆ ಚಿನ್ನದ ಬೂಟನ್ನೂ ನಿಷೇಧವನ್ನೂ ಪಡೆಯಬಲ್ಲ. ಎರಡನ್ನೂ ಒಂದೇ ಪರಿಚ್ಛೇದದಲ್ಲಿ, ಯಾವುದನ್ನೂ ದೊಡ್ಡದು ಮಾಡದೆ ಚಿಕ್ಕದು ಮಾಡದೆ ಬರೆಯುವುದು ಹತ್ತನೆಯ ತರಗತಿಯ ಮಗುವಿನಿಂದ ಸಾಧ್ಯವಾಗುವ ಕೆಲಸವೇ. ಆ ಸಿಟ್ಟು ತರಬೇತುದಾರನಾದ ಮೇಲೂ ಅವರನ್ನು ಬಿಡಲಿಲ್ಲ; ಮುಂದಿನ ವರ್ಷಗಳಲ್ಲಿ ಅಂಕಣದ ಹೊರಗಿನಿಂದಲೂ ಕೆಂಪು ಕಾರ್ಡು ಕಂಡವರು ಅವರು.

ತರಬೇತುದಾರ

ಕುವೈತ್ ಮತ್ತು ಗ್ರೀಸ್ ದೇಶಗಳಲ್ಲಿ ಆಡಿ, ಆಟ ಬಿಟ್ಟು, ಲಿಯೇಜಿನಲ್ಲಿ ಸಹಾಯಕರಾಗಿ ಕೆಲಸ ಕಲಿತು, 2012ರ ಜನವರಿಯಲ್ಲಿ ದಕ್ಷಿಣ ಪೋರ್ಚುಗಲ್ಲಿನ ಒಲ್ಯನೆನ್ಸ್ ಎಂಬ ಸಣ್ಣ ಕ್ಲಬ್ಬಿನ ಮುಖ್ಯ ತರಬೇತುದಾರರಾದರು. ಅಲ್ಲಿಂದ ಬಾಲ್ಯದ ಅಕಡೆಮಿಕಕ್ಕೆ, ಆಮೇಲೆ ಬ್ರಾಗಕ್ಕೆ. 2015ರ ಮೇ 31ರಂದು ಪೋರ್ಚುಗಲ್ ಕಪ್ಪಿನ ಅಂತಿಮ ಪಂದ್ಯದಲ್ಲಿ ಬ್ರಾಗ ತಂಡ ಸ್ಪೋರ್ಟಿಂಗ್ ವಿರುದ್ಧ 2–0 ಮುಂದಿತ್ತು. ಎದುರಾಳಿಗಳು ಹತ್ತೇ ಜನ. ಕೊನೆಯ ನಿಮಿಷಗಳಲ್ಲಿ ಎರಡು ಗೋಲು ಬಿಟ್ಟುಕೊಟ್ಟು, ಪೆನಾಲ್ಟಿ ಒದೆತಗಳಲ್ಲಿ ಬ್ರಾಗ ಸೋತಿತು. ಕೆಲವೇ ದಿನಗಳಲ್ಲಿ ಅವರ ಕೆಲಸವೂ ಹೋಯಿತು. ಗಿಮರಾಯ್ಶ್ ನಗರದ ವಿಟೋರಿಯ ಕ್ಲಬ್ಬಿನಲ್ಲಿ ಒಂದಷ್ಟು ತಿಂಗಳು ಕಳೆದು, 2016ರ ಡಿಸೆಂಬರಿನಲ್ಲಿ ಫ್ರಾನ್ಸಿನ ನಾಂತ್‌ಗೆ ಹೋದಾಗ ಆ ತಂಡ ಲೀಗಿನಲ್ಲಿ ಹತ್ತೊಂಬತ್ತನೆಯ ಸ್ಥಾನದಲ್ಲಿತ್ತು. ಋತು ಮುಗಿದಾಗ ಏಳನೆಯದಾಗಿತ್ತು.

2017ರಲ್ಲಿ ಪೋರ್ಟೊ ಕ್ಲಬ್ಬು ಅವರನ್ನು ಕರೆಯಿತು. ಆ ಕರೆ ಒಳ್ಳೆಯ ಕಾಲದ್ದಲ್ಲ. ಎದುರಾಳಿ ಬೆನ್ಫಿಕ ಸತತ ನಾಲ್ಕು ವರ್ಷ ಲೀಗ್ ಗೆದ್ದಿತ್ತು. ಪೋರ್ಟೊದ ಖರ್ಚಿನ ಮೇಲೆ ಯುರೋಪಿನ ಫುಟ್‌ಬಾಲ್ ಒಕ್ಕೂಟದ ಕಡಿವಾಣವಿತ್ತು. ಹೊಸ ಆಟಗಾರರನ್ನು ಕೊಳ್ಳಲು ಹಣವಿಲ್ಲ. ಕೊನ್ಸೆಯ್ಸಾಂವ್ ಮಾಡಿದ ಮೊದಲ ಕೆಲಸವೆಂದರೆ ಕ್ಲಬ್ಬು ತನಗೆ ಬೇಡವೆಂದು ಬೇರೆಡೆಗೆ ಎರವಲು ಕಳುಹಿಸಿದ್ದ ಆಟಗಾರರನ್ನು ಮರಳಿ ತರಿಸಿಕೊಂಡದ್ದು. ಮೂಸ ಮರೆಗ, ವಿನ್ಸೆಂಟ್ ಅಬೂಬಕರ್, ರಿಕಾರ್ಡು ಪೆರೆಯ್ರ ಹೀಗೆ ಬಂದವರು. ಯೌವನದಲ್ಲಿ ಮೂರು ಕ್ಲಬ್ಬುಗಳಿಗೆ ಎರವಲು ಹೋದವರಿಗೆ ಆ ಪಟ್ಟಿಯನ್ನು ಓದುವ ಬಗೆ ತಿಳಿದಿದ್ದರೆ ಆಶ್ಚರ್ಯವಿಲ್ಲ. ಮರೆಗ ಆ ವರ್ಷದ ಲೀಗಿನಲ್ಲಿ 22 ಗೋಲು ಹೊಡೆದರು. ಸ್ಪೇನಿಗೆ 2010ರ ವಿಶ್ವಕಪ್ ಗೆದ್ದುಕೊಟ್ಟ ನಾಯಕ, ಗೋಲ್‌ಕೀಪರ್ ಇಕರ್ ಕಸೀಯಸ್ ಅವರನ್ನು ತಿಂಗಳುಗಟ್ಟಲೆ ಹೊರಗೆ ಕೂರಿಸಿ ತರುಣನೊಬ್ಬನನ್ನು ಆಡಿಸಿ, ಆಮೇಲೆ ಮತ್ತೆ ಅವರನ್ನೇ ಕರೆದದ್ದೂ ಅದೇ ವರ್ಷ. 2018ರ ಏಪ್ರಿಲ್‌ನಲ್ಲಿ ಬೆನ್ಫಿಕದ ಅಂಕಣದಲ್ಲೇ ಕೊನೆಯ ಗಳಿಗೆಯ ಎರ‍್ರೇರ ಅವರ ಗೋಲಿನಿಂದ 1–0 ಗೆದ್ದು, ಪೋರ್ಟೊ ಲೀಗನ್ನು ಮರಳಿ ಪಡೆಯಿತು.

ಹಿಂದಿನ ಬೆಂಚಿನವರ ಹಾಜರಾತಿ ನೋಡುವ ಶಿಕ್ಷಕರಿಗೆ ಈ ಪ್ರಸಂಗದ ಮೇಲೆ ಟಿಪ್ಪಣಿ ಬೇಕಿಲ್ಲ. ಆದರೆ ಅದೇ ಮರೆಗ ಅವರ ಇನ್ನೊಂದು ಪ್ರಸಂಗ ಚರ್ಚೆಗೆ ಯೋಗ್ಯ. 2020ರ ಫೆಬ್ರವರಿ 16ರಂದು ಗಿಮರಾಯ್ಶ್‌ನಲ್ಲಿ ಗೋಲು ಹೊಡೆದ ಮರೆಗ ಅವರನ್ನು ನೋಡಿ ಗ್ಯಾಲರಿಯಿಂದ ಕೆಲವರು ಮಂಗನ ಸದ್ದು ಮಾಡಿದರು. ಅದು ಅವರು ಹಿಂದೆ ಆಡಿದ್ದ ಕ್ಲಬ್ಬು. ಕೊನ್ಸೆಯ್ಸಾಂವ್ ತರಬೇತಿ ಕೊಟ್ಟಿದ್ದ ಕ್ಲಬ್ಬೂ ಹೌದು. ಮರೆಗ ಅಂಕಣ ಬಿಟ್ಟು ಹೊರಟರು. ಜೊತೆಗಾರರೂ ತರಬೇತುದಾರರೂ ಮೊದಲು ತಡೆಯಲು, ಸಮಾಧಾನಪಡಿಸಲು ಯತ್ನಿಸಿದರು. ಅವರು ನಿಲ್ಲಲಿಲ್ಲ. ಪಂದ್ಯದ ಬಳಿಕ ಕೊನ್ಸೆಯ್ಸಾಂವ್ ಮರೆಗ ಅವರ ಪರವಾಗಿ ಬಹಿರಂಗವಾಗಿ ಮಾತನಾಡಿದರು. ತಡೆದ ಕೈ ಮತ್ತು ಆಮೇಲಿನ ಮಾತು, ಇವೆರಡರ ನಡುವಿನ ಅಂತರ ಮಕ್ಕಳಿಗೆ ಕಾಣುತ್ತದೆಯೇ? ಅವಮಾನಕ್ಕೊಳಗಾದ ವಿದ್ಯಾರ್ಥಿ ತರಗತಿಯಿಂದ ಎದ್ದು ಹೋದಾಗ ಶಿಕ್ಷಕರ ಮೊದಲ ಪ್ರವೃತ್ತಿಯೂ ‘ಕೂತುಕೋ’ ಎನ್ನುವುದೇ ಆಗಿರುತ್ತದೆ. ‘ಮರೆಗ ಉಳಿಯಬೇಕಿತ್ತೆ?’ ಎಂಬ ವಿಷಯದ ಮೇಲೆ ಚರ್ಚಾಸ್ಪರ್ಧೆ ನಡೆಸಬಹುದು. ತೀರ್ಪು ಕೊಡುವ ಅವಸರ ಬೇಡ.

ಪೋರ್ಟೊದ ಏಳು ವರ್ಷಗಳಲ್ಲಿ ಒಟ್ಟು ಹನ್ನೊಂದು ಪ್ರಶಸ್ತಿಗಳು: 2018, 2020, 2022ರ ಲೀಗುಗಳು, ನಾಲ್ಕು ಪೋರ್ಚುಗಲ್ ಕಪ್ಪುಗಳು, ಮೂರು ಸೂಪರ್ ಕಪ್ಪುಗಳು, ಒಂದು ಲೀಗ್ ಕಪ್ಪು. 2022ರ ಲೀಗಿನ 91 ಅಂಕ ಅಲ್ಲಿನ ದಾಖಲೆ. 2021ರ ಚಾಂಪಿಯನ್ಸ್ ಲೀಗಿನಲ್ಲಿ ಟ್ಯೂರಿನ್‌ನ ಅಂಕಣದಲ್ಲಿ ಒಂದು ಗಂಟೆಗೂ ಹೆಚ್ಚು ಕಾಲ ಹತ್ತೇ ಜನರಿಂದ ಹೋರಾಡಿ ಯುವೆಂಟಸನ್ನು ಹೊರಹಾಕಿದ ಪಂದ್ಯವೂ ಈ ಅವಧಿಯದೇ. ಅದರಲ್ಲಿ ಪೋರ್ಟೊ 2–3ರಿಂದ ಸೋತಿತ್ತು. ಎರಡು ಪಂದ್ಯಗಳ ಮೊತ್ತ 4–4 ಆಗಿ, ಎದುರಾಳಿಯ ಅಂಕಣದಲ್ಲಿ ಹೆಚ್ಚು ಗೋಲು ಹೊಡೆದ ಕಾರಣ ಮುಂದಕ್ಕೆ ಹೋಯಿತು. ಸೋತು ಗೆಲ್ಲುವುದು ಹೇಗೆ ಎಂದು ಗಣಿತದ ಶಿಕ್ಷಕರ ನೆರವಿನಿಂದ ಲೆಕ್ಕ ಬಿಡಿಸಲಿ.

ಈ ಹನ್ನೊಂದರಲ್ಲಿ ಒಂದರ ಮುಂದೆ ಸ್ವಲ್ಪ ನಿಲ್ಲಬೇಕು. ಬ್ರಾಗದೊಂದಿಗೆ 2015ರಲ್ಲಿ, ಪೋರ್ಟೊದೊಂದಿಗೆ 2019ರಲ್ಲಿ, ಎರಡು ಬಾರಿ ಪೋರ್ಚುಗಲ್ ಕಪ್ಪು ಪೆನಾಲ್ಟಿ ಒದೆತಗಳಲ್ಲೇ ಕೈತಪ್ಪಿತ್ತು. ಎರಡೂ ಸಲ ಎದುರಾಳಿ ಸ್ಪೋರ್ಟಿಂಗ್. 2020ರಲ್ಲಿ ಸಾಂಕ್ರಾಮಿಕದ ಕಾರಣ ಅಂತಿಮ ಪಂದ್ಯವನ್ನು ಎಂದಿನ ಲಿಸ್ಬನ್ ಬಳಿಯ ಅಂಕಣದಿಂದ ಕೊಯಿಂಬ್ರಕ್ಕೆ ಸ್ಥಳಾಂತರಿಸಲಾಯಿತು. ಆಗಸ್ಟ್ 1ರಂದು, ಪ್ರೇಕ್ಷಕರಿಲ್ಲದ ಕ್ರೀಡಾಂಗಣದಲ್ಲಿ, ಹುಟ್ಟೂರಿನಲ್ಲಿ, ಕೊನ್ಸೆಯ್ಸಾಂವ್ ಮೊದಲ ಬಾರಿಗೆ ಆ ಕಪ್ಪು ಗೆದ್ದರು. ಬೆನ್ಫಿಕದ ಎದುರು 2–1. ಪೋರ್ಟೊ ತಂಡದ ಒಬ್ಬ ಆಟಗಾರ ಕೆಂಪು ಕಾರ್ಡು ಪಡೆದು ಹೊರಗಿದ್ದ; ರೆಫರಿಯೊಡನೆ ವಾಗ್ವಾದ ಮಾಡಿದ್ದಕ್ಕೆ ತರಬೇತುದಾರರೂ ಹೊರಗಿದ್ದರು.

ತಂದೆ, ಮಗ, ತರಗತಿ

ಕೊನ್ಸೆಯ್ಸಾಂವ್ ಅವರ ಮಗ ಫ್ರಾನ್ಸಿಸ್ಕುವೂ ಬಲಬದಿಯ ವಿಂಗರ್. 2021ರ ಫೆಬ್ರವರಿಯಲ್ಲಿ, ಹದಿನೆಂಟರ ಹರೆಯದಲ್ಲಿ, ಪೋರ್ಟೊ ಮುಖ್ಯ ತಂಡದಲ್ಲಿ ಆಡಲು ಇಳಿದಾಗ ತರಬೇತುದಾರ ಅಪ್ಪನೇ. ಗಡಿನಾಡಿನ ಒಂದೇ ಕನ್ನಡ ಶಾಲೆಯ ಊರುಗಳಲ್ಲಿ ಶಿಕ್ಷಕರ ಮಕ್ಕಳು ಶಿಕ್ಷಕರ ತರಗತಿಯಲ್ಲೇ ಕೂರುವುದು ಅಪರೂಪವಲ್ಲ. ಮಗನಿಗೆ ಒಂದು ಅಂಕ ಹೆಚ್ಚು ಕೊಟ್ಟರೂ ಮಾತು, ಕಡಿಮೆ ಕೊಟ್ಟರೂ ಮನೆಯಲ್ಲಿ ಮೌನ. ಫ್ರಾನ್ಸಿಸ್ಕು 2022ರಲ್ಲಿ ಪೋರ್ಟೊ ಬಿಟ್ಟು ನೆದರ್ಲೆಂಡ್ಸಿನ ಆಯಾಕ್ಸ್ ಸೇರಿದ, ಒಂದು ವರ್ಷದಲ್ಲಿ ಮರಳಿದ, 2024ರಲ್ಲಿ ಯುವೆಂಟಸ್‌ಗೆ ಹೋದ. ಅದೇ ವರ್ಷದ ಯುರೋಪಿಯನ್ ಚಾಂಪಿಯನ್‌ಷಿಪ್ಪಿನಲ್ಲಿ ಚೆಕ್ ಗಣರಾಜ್ಯದ ವಿರುದ್ಧ ಹೆಚ್ಚುವರಿ ನಿಮಿಷಗಳಲ್ಲಿ ಗೆಲುವಿನ ಗೋಲು ಹೊಡೆದ. 2025ರ ಜೂನ್ 4ರಂದು ಮ್ಯೂನಿಕ್‌ನಲ್ಲಿ ಜರ್ಮನಿಯ ವಿರುದ್ಧವೂ ಒಂದು ಗೋಲು. ರಾಟರ್‌ಡ್ಯಾಮ್‌ನ ಸಂಜೆಗೆ ಆಗ ಇಪ್ಪತ್ತೈದು ವರ್ಷ ತುಂಬಲು ಹದಿನಾರು ದಿನ ಬಾಕಿ. (ಈ ಪರಿಚ್ಛೇದದ ಮಗನನ್ನು ‘ಅವರು’ ಎಂದು ತಿದ್ದಬೇಕೆ ಎಂಬ ಪ್ರಶ್ನೆಯನ್ನು ಮಕ್ಕಳ ಮುಂದಿಡಿ. ಅಪ್ಪನ ವ್ಯಕ್ತಿಚಿತ್ರದಲ್ಲಿ ಮಗ ಏಕವಚನ. ಮಗನದೇ ವ್ಯಕ್ತಿಚಿತ್ರ ಬರೆದರೆ?)

2024ರ ಮೇ 26ರಂದು ಸ್ಪೋರ್ಟಿಂಗ್ ವಿರುದ್ಧ ನಾಲ್ಕನೆಯ ಪೋರ್ಚುಗಲ್ ಕಪ್ಪು ಗೆದ್ದ ಪಂದ್ಯವೇ ಪೋರ್ಟೊದಲ್ಲಿ ಕೊನ್ಸೆಯ್ಸಾಂವ್ ಅವರ ಕೊನೆಯ ಪಂದ್ಯ. ಕ್ಲಬ್ಬಿನ ಅಧ್ಯಕ್ಷರು ಚುನಾವಣೆಯಲ್ಲಿ ಬದಲಾಗಿದ್ದರು. ವರ್ಷದ ಕೊನೆಯಲ್ಲಿ, ಡಿಸೆಂಬರ್ 30ರಂದು, ಇಟಲಿಯ ಎ.ಸಿ. ಮಿಲಾನ್ ಅವರನ್ನು ನೇಮಿಸಿಕೊಂಡಿತು. ಒಂದು ವಾರದೊಳಗೆ ರಿಯಾದಿನಲ್ಲಿ ಇಟಲಿಯ ಸೂಪರ್ ಕಪ್ಪು: ಸೆಮಿಫೈನಲ್‌ನಲ್ಲಿ ಮಗನ ಕ್ಲಬ್ಬು ಯುವೆಂಟಸ್ 2–1ರಿಂದ ಸೋತಿತು, ಫೈನಲ್‌ನಲ್ಲಿ ಇಂಟರ್ ವಿರುದ್ಧ 0–2 ಹಿಂದಿದ್ದ ಮಿಲಾನ್ 3–2ರಿಂದ ಗೆದ್ದಿತು. ಮೇ ತಿಂಗಳಿನಲ್ಲಿ ಇಟಲಿ ಕಪ್ಪಿನ ಫೈನಲ್‌ನಲ್ಲಿ ಬೊಲೊನ್ಯ ಎದುರು ಸೋಲು, ಲೀಗಿನಲ್ಲಿ ಎಂಟನೆಯ ಸ್ಥಾನ, ಕೆಲಸದಿಂದ ಬಿಡುಗಡೆ. 2025ರ ಅಕ್ಟೋಬರಿನಲ್ಲಿ ಸೌದಿ ಅರೇಬಿಯದ ಜಿದ್ದಾ ನಗರದ ಅಲ್ ಇತ್ತಿಹಾದ್ ಕ್ಲಬ್ಬು.

ಬದುಕಿರುವವರ ವ್ಯಕ್ತಿಚಿತ್ರಕ್ಕೆ ಕೊನೆಯ ವಾಕ್ಯವನ್ನು ವರ್ತಮಾನ ಕಾಲದಲ್ಲಿ ಬರೆಯಬೇಕಾಗುತ್ತದೆ. ಅದು ಬೇಗ ಹಳತಾಗುತ್ತದೆ. ಪಾಠ ಮಾಡುವ ದಿನ ಕೊನ್ಸೆಯ್ಸಾಂವ್ ಎಲ್ಲಿದ್ದಾರೆ ಎಂಬುದನ್ನು ಪ್ರತಿ ಗುಂಪಿನ ಒಬ್ಬ ವಿದ್ಯಾರ್ಥಿ ಪತ್ರಿಕೆಯಲ್ಲಿ ಹುಡುಕಿ ತರಲಿ. ಪತ್ರಿಕೆ ಮಲಯಾಳದ್ದೋ ತೆಲುಗಿನದೋ ಮರಾಠಿಯದೋ ಆದರೂ ಅಡ್ಡಿಯಿಲ್ಲ. ವಾಕ್ಯವನ್ನು ಕನ್ನಡದಲ್ಲಿ ಬರೆದು ತಂದರಾಯಿತು, ತಾರೀಖು ಹಾಕಿ.